ಒಂದೇ ವರ್ಷ, ಎರಡು ಪುಸ್ತಕ

1971ರ ಯುದ್ಧದ ಮಾತು ಬಂದಾಗಲೆಲ್ಲ ನನ್ನ ಗೆಳೆಯರು ಹೆಸರಿಸುವ ಪುಸ್ತಕ ಗ್ಯಾರಿ ಬಾಸ್ ಅವರ 'ದಿ ಬ್ಲಡ್ ಟೆಲಿಗ್ರಾಂ'. ಅದು ಬಂದ 2013ರಲ್ಲೇ ಶ್ರೀನಾಥ್ ರಾಘವನ್ ಅವರ '1971: ಎ ಗ್ಲೋಬಲ್ ಹಿಸ್ಟರಿ ಆಫ್ ದಿ ಕ್ರಿಯೇಷನ್ ಆಫ್ ಬಾಂಗ್ಲಾದೇಶ್' ಕೂಡ ಬಂತು. ಅದನ್ನು ಓದಿದವರು ನನಗೆ ಸಿಕ್ಕಿದ್ದು ಇಬ್ಬರೇ. ಈಚೆಗೆ ಎರಡನ್ನೂ ಒಟ್ಟಿಗೆ ಇಟ್ಟುಕೊಂಡು ಮತ್ತೆ ಓದಿದೆ. ಬಾಸ್ ಚೆನ್ನಾಗಿ ಬರೆಯುತ್ತಾರೆ. ನಂಬಬೇಕಾದದ್ದು ರಾಘವನ್ ಅವರನ್ನು.

ಬಾಸ್ ಕೈಗೆ ಸಿಕ್ಕ ಸಾಮಗ್ರಿ ಕಾದಂಬರಿಕಾರರಿಗೂ ಹೊಟ್ಟೆಕಿಚ್ಚು ತರುವಂಥದ್ದು. ಶ್ವೇತಭವನದ ಟೇಪುಗಳಲ್ಲಿ ನಿಕ್ಸನ್ ಮತ್ತು ಕಿಸಿಂಜರ್ ತಾವೇ ಮಾತಾಡಿಬಿಟ್ಟಿದ್ದಾರೆ. ಇನ್ನೊಂದು ಕಡೆ ಢಾಕಾದಲ್ಲಿದ್ದ ಅಮೆರಿಕದ ಕಾನ್ಸಲ್ ಜನರಲ್ ಆರ್ಚರ್ ಬ್ಲಡ್. ಏಪ್ರಿಲ್ 6ರಂದು ಅಲ್ಲಿಂದ ಹೋದ ತಂತಿಯಲ್ಲಿ 20 ಮಂದಿ ಅಮೆರಿಕನ್ನರು ತಮ್ಮದೇ ಸರ್ಕಾರದ ನೀತಿಯನ್ನು ಖಂಡಿಸಿ ಸಹಿ ಹಾಕಿದ್ದರು. ಬ್ಲಡ್ ಅದಕ್ಕೆ ತಮ್ಮ ಬೆಂಬಲದ ಮಾತು ಸೇರಿಸಿದರು. ಸ್ವಲ್ಪ ದಿನದಲ್ಲೇ ಅವರನ್ನು ಢಾಕಾದಿಂದ ಎತ್ತಂಗಡಿ ಮಾಡಲಾಯಿತು. ಎಸ್ಕಲೇಷನ್ ಮೇಲ್ ಬರೆದವರು ಮುಂದಿನ ತಿಂಗಳು ಬೇರೆ ಪ್ರಾಜೆಕ್ಟಿಗೆ ಹೋಗುವುದನ್ನು ನೋಡಿರುವ ನನಗೆ ಈ ಅಧ್ಯಾಯಗಳನ್ನು ಕೆಳಗಿಡಲಾಗಲಿಲ್ಲ.

ತೊಂದರೆಯೂ ಅಲ್ಲೇ ಇದೆ. ಯಾರ ಮುಂದೆ ಮೈಕ್ ಇತ್ತೋ ಅವರೇ ಕಥೆಯ ನಡುವೆ ಬಂದು ಕೂರುತ್ತಾರೆ. ಒಂದು ಉಪಖಂಡದ ಗತಿಯೇ ಇಬ್ಬರ ಸಿಡುಕಿನಿಂದ ತೀರ್ಮಾನವಾದಂತೆ ಕಾಣುತ್ತದೆ. ಜುಲೈ ಮೊದಲ ವಾರ ಕಿಸಿಂಜರ್ ದೆಹಲಿಗೆ ಬಂದು, ಪಾಕಿಸ್ತಾನಕ್ಕೆ ಹೋಗಿ, ಹೊಟ್ಟೆನೋವೆಂದು ನೆಪ ಹೇಳಿ, ಯಾಹ್ಯಾ ಖಾನರ ನೆರವಿನಿಂದ 9ರಂದು ಗುಟ್ಟಾಗಿ ಬೀಜಿಂಗ್‌ನಲ್ಲಿ ಇಳಿದರು. ಸರಿಯಾಗಿ ಒಂದು ತಿಂಗಳಿಗೆ, ಆಗಸ್ಟ್ 9ರಂದು, ದೆಹಲಿಯಲ್ಲಿ ಸ್ವರಣ್ ಸಿಂಗ್ ಮತ್ತು ಗ್ರೊಮಿಕೊ ಒಪ್ಪಂದಕ್ಕೆ ಸಹಿ ಹಾಕಿದರು. ಅವರು ಚೀನಾ ಕಡೆ ಹೋದರು, ನಾವು ರಷ್ಯಾ ಕಡೆ ಹೋದೆವು! ಬಾಸ್ ಇಷ್ಟು ಸಲೀಸಾಗಿ ಹೇಳಿಲ್ಲ ನಿಜ, ಆದರೆ ವಾಷಿಂಗ್ಟನ್ನಿನ ಕಿಟಕಿಯಿಂದ ನೋಡುವ ಅವರ ಕಥನ ಓದಿದವರ ಮನಸ್ಸಿನಲ್ಲಿ ಉಳಿಯುವುದು ಇದೇ.

ರಾಘವನ್ ಈ ಗಂಟನ್ನು ಬಿಡಿಸುತ್ತಾರೆ. 1968ರಲ್ಲಿ ಪಾಕಿಸ್ತಾನಕ್ಕೆ ಶಸ್ತ್ರಾಸ್ತ್ರ ಕೊಡಲು ಒಪ್ಪಿದ್ದು ಇದೇ ಸೋವಿಯತ್ ಒಕ್ಕೂಟ. 1969ರ ಮಾರ್ಚಿನಲ್ಲಿ ಉಸುರಿ ನದಿಯ ಬಳಿ ಚೀನಾದೊಂದಿಗೆ ಗುಂಡಿನ ಕಾಳಗವಾದ ಮೇಲೆ ಮಾಸ್ಕೋಗೆ ಭಾರತ ಬೇಕಾಯಿತು. ಒಪ್ಪಂದದ ಮಾತುಕತೆ ಶುರುವಾದದ್ದು ಆ ವರ್ಷವೇ. ಹಿಂದೆಮುಂದೆ ನೋಡುತ್ತಿದ್ದವರು ನಾವು. ಕೊನೆಗೆ ಸಹಿಯಾದ ಕಾಗದದಲ್ಲೂ ದಾಳಿಯ ಭೀತಿ ಬಂದರೆ ಕೂಡಲೇ ಸಮಾಲೋಚನೆ ಎಂದಿದೆಯೇ ಹೊರತು ಜೊತೆಗೆ ಯುದ್ಧಕ್ಕೆ ಬರುತ್ತೇವೆ ಎಂದಿಲ್ಲ. ಇನ್ನು ಆ ಕಡೆ, ಡಿಸೆಂಬರ್ 10ರಂದು ಕಿಸಿಂಜರ್ ನ್ಯೂಯಾರ್ಕಿನಲ್ಲಿ ಚೀನಾದ ರಾಯಭಾರಿ ಹುವಾಂಗ್ ಹುವಾ ಅವರನ್ನು ಕಂಡು ಎಷ್ಟು ಹುರಿದುಂಬಿಸಿದರೂ ಚೀನಾದ ಸೇನೆ ಗಡಿ ದಾಟಲಿಲ್ಲ. 16ಕ್ಕೆ ಢಾಕಾ ಶರಣಾಯಿತು.

ಹಾಗೆಂದು ರಾಘವನ್ ಅವರದ್ದು ಸುಲಭದ ಓದಲ್ಲ. ರಾಜಧಾನಿಯಿಂದ ರಾಜಧಾನಿಗೆ ಕಡತ ಹೊತ್ತು ತಿರುಗಿದಂತೆ ಕೆಲವು ಅಧ್ಯಾಯಗಳು ದಣಿಸುತ್ತವೆ. ರವಿಶಂಕರ್, ಜಾರ್ಜ್ ಹ್ಯಾರಿಸನ್ ಅವರ ನ್ಯೂಯಾರ್ಕ್ ಕಛೇರಿಯ ಪ್ರಸಂಗ ಬಂದಾಗ ಮಾತ್ರ ಕಿಟಕಿ ತೆರೆದಂತಾಯಿತು.

ಪುಣೆಯ ನನ್ನ ಟೀಮಿನಲ್ಲಿ ಒಬ್ಬ ಬಂಗಾಳಿ ಹುಡುಗಿ ಇದ್ದಾಳೆ. ಅವಳ ಅಜ್ಜ ಆ ವರ್ಷ ಬಾರಿಸಾಲ್‌ನಿಂದ ನಡೆದು ಬಂದವರು. ನನ್ನ ಮೇಜಿನ ಮೇಲೆ ಈ ಪುಸ್ತಕಗಳನ್ನು ನೋಡಿ, "ಇದರಲ್ಲಿ ನಮ್ಮ ಊರಿನವರು ಬರ್ತಾರಾ ಸರ್?" ಎಂದಳು. ಬಾಸ್‌ನಲ್ಲಿ ಶಿಬಿರಗಳಿವೆ, ಆದರೆ ಹೆಚ್ಚಾಗಿ ಕಾಣುವುದು ಪತ್ರಕರ್ತ ಸಿಡ್ನಿ ಶಾನ್‌ಬರ್ಗ್, ಸೆನೆಟರ್ ಎಡ್ವರ್ಡ್ ಕೆನಡಿ ಅಂಥವರ ಕಣ್ಣಿಂದ. ರಾಘವನ್‌ನಲ್ಲಿ ಸುಮಾರು ಒಂದು ಕೋಟಿ ನಿರಾಶ್ರಿತರು ದೆಹಲಿಯ ಲೆಕ್ಕಾಚಾರದ ಒಂದು ಅಂಕಿ. ಅವಳಿಗೆ ಇಲ್ಲ ಎಂದೇ ಹೇಳಿದೆ.

ನಾವು ಬಾಸ್ ಅವರನ್ನೇ ಮೆಚ್ಚುವುದು ಯಾಕೆ? ಅಲ್ಲಿ ಖಳರು ಗೊತ್ತಿರುವವರು, ಸರಿ ಇರುವವರು ನಾವು. ಗೆರಿಲ್ಲಾಗಳಿಗೆ ಭಾರತ ಗುಟ್ಟಾಗಿ ತರಬೇತಿ ಕೊಟ್ಟದ್ದನ್ನು, ಕರುಣೆಯ ಜೊತೆಗೇ ಲಾಭದ ಎಣಿಕೆಯೂ ದೆಹಲಿಯಲ್ಲಿ ನಡೆದದ್ದನ್ನು ಅವರೇ ಬರೆದಿದ್ದಾರೆ. ಆ ಪುಟಗಳನ್ನು ಯಾರೂ ಫಾರ್ವರ್ಡ್ ಮಾಡಿದ್ದು ನಾನು ನೋಡಿಲ್ಲ. ನನ್ನ ಪ್ರತಿಯಲ್ಲಿ ಅವಕ್ಕೆ ಪೆನ್ಸಿಲ್ ಗುರುತು ಹಾಕಿಟ್ಟಿದ್ದೇನೆ. ಪುಣೆಯಲ್ಲಿರುವವರು ಕೇಳಿದರೆ ಎರಡೂ ಪುಸ್ತಕ ಎರವಲು ಕೊಡುತ್ತೇನೆ, ರಾಘವನ್ ಅವರದ್ದನ್ನು ಮೊದಲು.