ಸರ್ಗೋನನ ಹುಟ್ಟೂರು: ಚರಿತ್ರೆ ಮತ್ತು ಐತಿಹ್ಯ

ಅರಸರ ಹುಟ್ಟೂರು ಹುಡುಕುವವರು ಸಾಮಾನ್ಯವಾಗಿ ನಕಾಶೆ ಬಿಡಿಸಿ ಕೂರುತ್ತಾರೆ. ಇಂದಿನ ಇರಾಕಿನ ನೆಲದಲ್ಲಿ, ಕ್ರಿ.ಪೂ. 24ನೇ ಶತಮಾನದ ಸುಮಾರಿಗೆ ಅಕ್ಕಾಡ್ ಸಾಮ್ರಾಜ್ಯ ಕಟ್ಟಿದ ಸರ್ಗೋನನ ವಿಷಯದಲ್ಲಿ ನಕಾಶೆಯಿಂದ ಪ್ರಯೋಜನವಿಲ್ಲ. ಫುರಾತ್ ನದಿಯ ದಡದ ಅಜುಪಿರಾನು ತನ್ನ ಊರೆಂದು ಅವನ ಜನ್ಮಕಥೆ ಹೇಳುತ್ತದೆ. ಆ ಊರು ಎಲ್ಲಿತ್ತೆಂದು ಯಾರೂ ಗುರುತಿಸಿಲ್ಲ. ಅವನ ರಾಜಧಾನಿ ಅಗಾದೆಯ ನೆಲೆಯೂ ಖಚಿತವಾಗಿಲ್ಲ.

ಕಥೆಯನ್ನು ಸರ್ಗೋನನೇ ಹೇಳುವಂತೆ ಬರೆಯಲಾಗಿದೆ. ತಾಯಿ ಹಿರಿಯ ಪೂಜಾರಿಣಿ; ತಂದೆ ಯಾರೋ ತಿಳಿಯದು. ಗುಟ್ಟಾಗಿ ಹೆತ್ತ ಮಗುವನ್ನು ಜೊಂಡಿನ ಬುಟ್ಟಿಯಲ್ಲಿಟ್ಟು, ಡಾಂಬರು ಬಳಿದು, ತಾಯಿ ಹೊಳೆಗೆ ಬಿಟ್ಟಳು. ಅಕ್ಕೀ ಎಂಬ ನೀರು ಸೇದುವವನು ಎತ್ತಿಕೊಂಡು ಸಾಕಿ ತೋಟಗಾರನನ್ನಾಗಿ ಮಾಡಿದ. ಇಶ್ತಾರ್ ದೇವತೆ ಒಲಿದಳು, ತೋಟಗಾರ ಅರಸನಾದ.

ಇದನ್ನು ಓದುವ ನಮಗೆ ಪ್ರವಾದಿ ಮೂಸಾ(ಅ) ಮತ್ತು ಕರ್ಣ ನೆನಪಾಗದಿರುವುದಿಲ್ಲ. ಯಾರು ಯಾರಿಂದ ಪಡೆದರು ಎಂಬ ಜಗಳಕ್ಕಿಂತ, ನೀರಿಗೆ ಬಿಟ್ಟ ಮಗು ಎಲ್ಲಿಗೆ ಹೋಯಿತೆಂದು ಕೇಳುವುದು ಮೇಲು. ಮೂಸಾ ಫಿರ್‌ಔನನ ಅರಮನೆಯಲ್ಲಿ ಬೆಳೆದು ಗುಲಾಮರ ಪರ ನಿಂತರು. ಸೂತನ ಮನೆಯಲ್ಲಿ ಬೆಳೆದ ಕರ್ಣ ಕುಲದ ಪ್ರಶ್ನೆಗೆ ಜೀವನವಿಡೀ ಉತ್ತರ ಕೊಡಬೇಕಾಯಿತು. ಸರ್ಗೋನನ ಬುಟ್ಟಿ ಮಾತ್ರ ನೇರವಾಗಿ ಸಿಂಹಾಸನದ ಕಡೆಗೆ ತೇಲುತ್ತದೆ.

ಅದಕ್ಕೆ ಕಾರಣವಿದೆ. ಈ ಕಥೆಯ ಮಣ್ಣಿನ ಹಲಗೆಗಳು ಸರ್ಗೋನನಿಗಿಂತ ಸಾವಿರದೈನೂರು ವರ್ಷಗಳಷ್ಟು ಈಚಿನವು. ಕ್ರಿ.ಪೂ. 722ರಿಂದ 705ರವರೆಗೆ ಆಳಿದ ಅಸ್ಸೀರಿಯದ ದೊರೆಯೊಬ್ಬ ಅದೇ ಹೆಸರನ್ನಿಟ್ಟುಕೊಂಡಿದ್ದ. ಅವನ ಕಾಲದಲ್ಲೇ ಇದು ರಚನೆಯಾಗಿರಬಹುದೆಂದು ಕೆಲವು ವಿದ್ವಾಂಸರ ಊಹೆ. ಆ ಹೆಸರಿನ ಅರ್ಥ ‘ನ್ಯಾಯಬದ್ಧ ಅರಸ’. ಹಕ್ಕು ಪ್ರಶ್ನಾತೀತವಾಗಿದ್ದವನಿಗೆ ಇಂಥ ಹೆಸರು ಬೇಕಾಗುತ್ತಿತ್ತೇ? ಇನ್ನೂ ಹಳೆಯದಾದ ಸುಮೇರಿಯನ್ ರಾಜಾವಳಿಯಲ್ಲಿ ಬುಟ್ಟಿಯೂ ಇಲ್ಲ, ಹೊಳೆಯೂ ಇಲ್ಲ. ಅಲ್ಲಿ ತೋಟಗಾರನಾಗಿದ್ದವನು ಅವನ ತಂದೆ. ಅವನು ಕಿಶ್ ಅರಸ ಉರ್-ಝಬಾಬನಿಗೆ ಪಾನಪಾತ್ರೆ ಹಿಡಿಯುವ ಸೇವಕ.

ಹಾಗೆಂದು ಕಥೆಯನ್ನು ಸುಳ್ಳೆಂದು ಎಸೆಯಬೇಕಿಲ್ಲ. ಅದು ಹುಟ್ಟೂರಿಗೆ ಸಾಕ್ಷಿಯಲ್ಲ; ಅಧಿಕಾರವು ಜನರನ್ನು ಏನು ನಂಬಿಸಲು ಬಯಸಿತ್ತು ಎಂಬುದಕ್ಕೆ ಸಾಕ್ಷಿ. ಐತಿಹ್ಯವನ್ನು ಐತಿಹ್ಯವಾಗಿ ಓದಿದರೆ ಅದು ನಮಗೆ ಕಲಿಸುತ್ತದೆ. ಅದನ್ನೇ ಜಮೀನಿನ ಪಹಣಿಯಂತೆ ಓದಿದಾಗ ಚರಿತ್ರೆಯೂ ಕೆಡುತ್ತದೆ, ನೆರೆಹೊರೆಯೂ ಕೆಡುತ್ತದೆ.

ಈ ಕಥೆಯಲ್ಲಿ ನಮ್ಮನ್ನು ಹೆಚ್ಚು ಕಾಡುವವನು ಆ ನೀರು ಸೇದುವವನು. ಯಾರ ಮಗುವೆಂದು ಕೇಳದೆ ಎತ್ತಿಕೊಂಡವನು ಅವನೊಬ್ಬನೇ. ಮಗ ಅರಸನಾದ ಮೇಲೆ ಕಥೆಯಲ್ಲಿ ಅವನ ಸುದ್ದಿಯೇ ಇಲ್ಲ.