ಪಾಂಡು, ಪಾಚು, ವಿಠ್ಠಲ್ ರಾವ್

ಎಂಬತ್ತರ ದಶಕದ ದೂರದರ್ಶನದಲ್ಲಿ ಬಂದ 'ಸಿಹಿ ಕಹಿ' ಧಾರಾವಾಹಿ ನಟ-ನಿರ್ಮಾಪಕ ಚಂದ್ರು ಅವರಿಗೆ ಹೆಸರನ್ನೂ ಕೊಟ್ಟಿತು, ಬಾಳಸಂಗಾತಿ ಗೀತಾ ಅವರನ್ನೂ ಕೊಟ್ಟಿತು.

ನಟನೆಯಷ್ಟೇ ಮೆಚ್ಚಬೇಕಾದದ್ದು ಅವರ ನಿರ್ಮಾಣದ ಕೆಲಸ. ಈಟಿವಿ ಕನ್ನಡಕ್ಕೆ ಅವರು ಕಟ್ಟಿಕೊಟ್ಟ 'ಪಾಪ ಪಾಂಡು', 'ಸಿಲ್ಲಿ ಲಲ್ಲಿ' ಬೆಂಗಳೂರಿನ ರಾಜಾಜಿನಗರ, ವಿಜಯನಗರದಂಥ ಬಡಾವಣೆಗಳ ಮನೆಮಾತಾದವು. ಕಣ್ಣೀರಿನ ಧಾರಾವಾಹಿ ಒಂದು ಜಗಳವನ್ನು ವಾರಗಟ್ಟಲೆ ಎಳೆಯಬಹುದು. ದಿನನಿತ್ಯದ ಹಾಸ್ಯಕ್ಕೆ ಆ ಸೌಲಭ್ಯವಿಲ್ಲ, ಪ್ರತಿದಿನ ಹೊಸ ಪೇಚು ಬೇಕು. ಅದಕ್ಕೆ ಉತ್ತರವಾಗಿ ಸಿಕ್ಕಿದ್ದು ಗಟ್ಟಿ ಪಾತ್ರಗಳು: ಹೆಂಡತಿಯ ಕೈಯಲ್ಲಿ ಏಟು ತಿನ್ನುವ ಪಾಂಡುವಾಗಿ ಚಿದಾನಂದ್, ಆ ಹೆಂಡತಿ ಪಾಚುವಾಗಿ ಶಾಲಿನಿ. 'ಸಿಲ್ಲಿ ಲಲ್ಲಿ'ಯ ಡಾಕ್ಟರ್ ವಿಠ್ಠಲ್ ರಾವ್ ಆಗಿ ರವಿಶಂಕರ್ ಗೌಡ ಎಷ್ಟು ಒಗ್ಗಿದರೆಂದರೆ, ಜನ ಇಂದಿಗೂ ಆ ಹೆಸರಲ್ಲೇ ಅವರನ್ನು ಗುರುತಿಸುತ್ತಾರೆ. ಸಮಾಜ ಸೇವಕಿ ಲಲಿತಾಂಬ ಇನ್ನೊಂದು ಅಪ್ಪಟ ಬೆಂಗಳೂರು ಸೃಷ್ಟಿ.

2018ರಲ್ಲಿ ಪಾಂಡು, 2019ರಲ್ಲಿ ಲಲ್ಲಿ ಕಲರ್ಸ್ ಸೂಪರ್‌ನಲ್ಲಿ ಮತ್ತೆ ಬಂದರು.