ಸ್ಟೋಯಿಕರ ವಾಕ್ಯತರ್ಕ: ಒಂದು ಪರಾಮರ್ಶೆ

ಇಮ್ಯಾನ್ಯುಯೆಲ್ ಕ್ಯಾಂಟನು 1787ರಲ್ಲಿ ತನ್ನ ಶುದ್ಧಬುದ್ಧಿ ವಿಮರ್ಶೆಯ ಎರಡನೆಯ ಆವೃತ್ತಿಗೆ ಮುನ್ನುಡಿ ಬರೆಯುತ್ತ, ತರ್ಕಶಾಸ್ತ್ರವು ಅರಿಸ್ಟಾಟಲನ ಕಾಲದಿಂದ ಈಚೆಗೆ ಒಂದು ಹೆಜ್ಜೆಯನ್ನೂ ಮುಂದಿಡಲಾರದೆ ಹೋಗಿದೆಯೆಂದೂ, ಆದಕಾರಣ ಅದು ಸರ್ವಾಂಗಪೂರ್ಣವಾಗಿ ಮುಗಿದುನಿಂತ ವಿದ್ಯೆಯಂತೆ ತೋರುತ್ತದೆಂದೂ ಅಭಿಪ್ರಾಯಪಟ್ಟನು. ಅಷ್ಟು ಸೂಕ್ಷ್ಮಮತಿಯಾದ ತತ್ತ್ವಜ್ಞನು ಇಂಥ ತೀರ್ಪನ್ನು ನಿಸ್ಸಂಶಯವಾಗಿ ಕೊಡಬಲ್ಲವನಾದನೆಂದರೆ, ಅರಿಸ್ಟಾಟಲನು ಗತಿಸಿದ ಸುಮಾರು ನೂರು ವರ್ಷಗಳೊಳಗೆ, ಅವನು ಪಾಠ ಹೇಳಿದ ಅದೇ ಅಥೆನ್ಸ್ ನಗರದಲ್ಲಿ, ಅವನ ಪದ್ಧತಿಗಿಂತ ತೀರ ಬೇರೆಯಾದ ಅಸ್ತಿವಾರದ ಮೇಲೆ ಎದ್ದುನಿಂತಿದ್ದ ಮತ್ತೊಂದು ತರ್ಕಪ್ರಸ್ಥಾನವು ವಿದ್ವಲ್ಲೋಕದ ನೆನಪಿನಿಂದ ಎಷ್ಟು ಸಂಪೂರ್ಣವಾಗಿ ಅಳಿಸಿಹೋಗಿತ್ತೆಂಬುದನ್ನು ನಾವು ಊಹಿಸಿಕೊಳ್ಳಬಹುದು.

ಕ್ರಿ.ಪೂ. 300ರ ಸುಮಾರಿಗೆ ಸೈಪ್ರಸ್ ದ್ವೀಪದ ಕಿಟಿಯಮ್ ಪಟ್ಟಣದಿಂದ ಬಂದ ಜೀನೋ ಎಂಬಾತನು ಅಥೆನ್ಸಿನ ಪೇಟೆಯ ಮಗ್ಗುಲಿನ ಚಿತ್ರಮಂಟಪದಲ್ಲಿ ಉಪದೇಶಿಸತೊಡಗಿದನು. ಆ ಮಂಟಪಕ್ಕಿದ್ದ 'ಸ್ಟೋವಾ' ಎಂಬ ಹೆಸರೇ ಪಂಥಕ್ಕೂ ನಿಂತಿತು. ಸ್ಟೋಯಿಕರೆಂದರೆ ಸುಖದುಃಖಗಳಲ್ಲಿ ಸಮಚಿತ್ತವನ್ನು ಬೋಧಿಸಿದ ನೀತಿಗುರುಗಳೆಂದು ಮಾತ್ರ ಬಲ್ಲವರಿಗೆ, ಆ ಪಂಥದ ಮೂರನೆಯ ಆಚಾರ್ಯನಾದ ಕ್ರಿಸಿಪ್ಪಸನು ತನ್ನ ಆಯುಷ್ಯದ ಬಹುಭಾಗವನ್ನು ತರ್ಕಕ್ಕೆ ಮೀಸಲಿಟ್ಟಿದ್ದನೆಂಬ ಸಂಗತಿ ಆಶ್ಚರ್ಯವನ್ನುಂಟುಮಾಡಬಹುದು. ಅವನು 700ಕ್ಕೂ ಮಿಕ್ಕು ಕೃತಿಗಳನ್ನು ರಚಿಸಿದನೆಂದೂ, ಅವುಗಳಲ್ಲಿ 300ಕ್ಕೂ ಹೆಚ್ಚು ತರ್ಕವಿಷಯಕವಾಗಿದ್ದುವೆಂದೂ ಡಯೊಜಿನೀಸ್ ಲೇರ್ಷಿಯಸನ ಚರಿತ್ರಗ್ರಂಥದಿಂದ ತಿಳಿದುಬರುತ್ತದೆ. ಅವುಗಳಲ್ಲಿ ಒಂದಾದರೂ ಇಡಿಯಾಗಿ ಉಳಿದಿಲ್ಲ. ಹರ್ಕ್ಯುಲೇನಿಯಮ್ಮಿನಲ್ಲಿ ಜ್ವಾಲಾಮುಖಿಯ ಬೂದಿಯಡಿ ಕರಿಕಾದ ಸುರುಳಿಗಳಲ್ಲಿ ದೊರೆತ ಕೆಲವು ತುಂಡುಗಳನ್ನು ಬಿಟ್ಟರೆ, ಉಳಿದುದನ್ನೆಲ್ಲ ನಾವು ಪರರ ಬಾಯಿಂದ ಕೇಳಬೇಕಾಗಿದೆ. ಆ ಪರರಾದರೋ ಬಹುಮಟ್ಟಿಗೆ ಪ್ರತಿವಾದಿಗಳು. ಯಾವ ಜ್ಞಾನವನ್ನೂ ಒಪ್ಪದ ಸಂದೇಹವಾದಿ ಸೆಕ್ಸ್ಟಸ್ ಎಂಪಿರಿಕಸ್, ಅರಿಸ್ಟಾಟಲನ ಭಾಷ್ಯಕಾರನಾದ ಅಲೆಕ್ಸಾಂಡರ್, ಸ್ಟೋಯಿಕ ತರ್ಕವನ್ನು ನಿಷ್ಪ್ರಯೋಜಕವೆಂದು ಜರೆದ ವೈದ್ಯ ಗ್ಯಾಲೆನ್, ಇವರೇ ನಮಗಿರುವ ಮುಖ್ಯ ಸಾಕ್ಷಿಗಳು. ಪೂರ್ವಪಕ್ಷವಾಗಿ ಮಾತ್ರ ಉಳಿದುಬಂದ ಸಿದ್ಧಾಂತವನ್ನು ಅಳೆಯುವಾಗ ಈ ಎಚ್ಚರ ಸದಾ ಇರಬೇಕಾಗುತ್ತದೆ.

ಹಾಗಾದರೆ ಈ ಪಂಥದವರು ಕಂಡ ಹೊಸದು ಯಾವುದು? ಅರಿಸ್ಟಾಟಲನ ಅನುಮಾನವು ಪದಗಳ ಸಂಬಂಧವನ್ನು ಆಶ್ರಯಿಸಿದುದು. 'ಎಲ್ಲ ಮನುಷ್ಯರೂ ಮರ್ತ್ಯರು' ಎಂಬಲ್ಲಿ ಮನುಷ್ಯತ್ವವನ್ನೂ ಮರ್ತ್ಯತ್ವವನ್ನೂ ಬೇರ್ಪಡಿಸಿ, ಒಂದರೊಳಗೆ ಮತ್ತೊಂದು ಅಡಕವಾಗಿರುವುದನ್ನು ತೋರಿಸುವುದು ಅದರ ಕ್ರಮ. ಅವನು ಬಳಸಿದ ಅಕ್ಷರಸಂಕೇತಗಳು ಪದಗಳ ಸ್ಥಾನದಲ್ಲಿ ನಿಲ್ಲುತ್ತವೆ. ಸ್ಟೋಯಿಕರಾದರೋ ವಾಕ್ಯವನ್ನು ಒಡೆಯಲಿಲ್ಲ. 'ಮೊದಲನೆಯದು', 'ಎರಡನೆಯದು' ಎಂಬ ಸಂಖ್ಯಾವಾಚಕಗಳನ್ನು ಇಡೀ ವಾಕ್ಯಗಳ ಸ್ಥಾನದಲ್ಲಿಟ್ಟು, ವಾಕ್ಯದ ಒಳಗೆ ಏನೇ ಇದ್ದರೂ ಸರಿಯೆ, ವಾಕ್ಯಕ್ಕೂ ವಾಕ್ಯಕ್ಕೂ ನಡುವೆ ಇರುವ ಸಂಬಂಧದ ಬಲದಿಂದಲೇ ಸಿದ್ಧವಾಗುವ ಅನುಮಾನಗಳುಂಟೆಂದು ಅವರು ಕಂಡುಕೊಂಡರು. ಈಗ ವಾಕ್ಯತರ್ಕವೆಂದು ಕರೆಯಲ್ಪಡುವ ಶಾಸ್ತ್ರದ ಬೀಜ ಇದೇ.

ಆದರೆ ಎಲ್ಲ ಮಾತೂ ತರ್ಕವಾಕ್ಯವಲ್ಲ. ಯಾವುದನ್ನು ನಿಜವೆಂದಾಗಲಿ ಸುಳ್ಳೆಂದಾಗಲಿ ನಿರ್ಣಯಿಸುವುದು ಯುಕ್ತವೋ ಅದು ತರ್ಕವಾಕ್ಯ. 'ಬಾಗಿಲು ಹಾಕು' ಎಂಬ ಆಜ್ಞೆಯನ್ನಾಗಲಿ, 'ಯಾರು ಬಂದರು' ಎಂಬ ಪ್ರಶ್ನೆಯನ್ನಾಗಲಿ, ಶಾಪವನ್ನಾಗಲಿ, ಪ್ರಾರ್ಥನೆಯನ್ನಾಗಲಿ ಹಾಗೆ ನಿರ್ಣಯಿಸಲಾಗದು. ಸರಳವಾಕ್ಯಗಳನ್ನು 'ಅಲ್ಲ', 'ಮತ್ತು', 'ಅಥವಾ', 'ಆದರೆ' ಎಂಬರ್ಥದ ಸಂಯೋಜಕಗಳಿಂದ ಸಂಯುಕ್ತವಾಕ್ಯಗಳನ್ನಾಗಿ ಮಾಡಬಹುದು. ಅಂಥವುಗಳಿಗೆ ಕ್ರಮವಾಗಿ ನಿಷೇಧ, ಸಮುಚ್ಚಯ, ವಿಕಲ್ಪ, ಸೋಪಾಧಿಕ ಎಂದು ಹೆಸರಿಡಬಹುದು. ಇವುಗಳಲ್ಲಿ ನಿಷೇಧದ ವಿಚಾರವಾಗಿ ಸ್ಟೋಯಿಕರು ತೋರಿದ ಕಟ್ಟುನಿಟ್ಟು ಗಮನಾರ್ಹವಾದುದು. 'ಮಳೆ ಬಂದು ಕೆರೆ ತುಂಬಲಿಲ್ಲ' ಎಂದು ನಾವು ಹೇಳಿದಾಗ, ಮಳೆ ಬಂತು ಆದರೆ ಕೆರೆ ತುಂಬಲಿಲ್ಲವೆಂದೋ, ಮಳೆ ಬಂದು ಕೆರೆ ತುಂಬಿತೆಂಬ ಇಡೀ ಸುದ್ದಿಯೇ ಸುಳ್ಳೆಂದೋ ನಿರ್ಣಯಿಸುವುದು ಸಂದರ್ಭವೇ ಹೊರತು ವಾಕ್ಯವಲ್ಲ. ಗ್ರೀಕಿನಲ್ಲಿಯೂ ಇಂಥದೇ ಸಂದಿಗ್ಧವಿದ್ದುದರಿಂದ, ಯಾವ ವಾಕ್ಯವನ್ನು ಅಲ್ಲಗಳೆಯಬೇಕೋ ಅದೆಲ್ಲದರ ಮುಂದೆಯೇ ನಿಷೇಧಪದವು ನಿಲ್ಲತಕ್ಕದ್ದೆಂದು ಅವರು ವಿಧಿಸಿದರು. ನಿಷೇಧದ ವ್ಯಾಪ್ತಿಯೆಷ್ಟೆಂಬುದನ್ನು ವಾಕ್ಯದ ಆಕಾರದಲ್ಲಿಯೇ ಗುರುತಿಸಬೇಕೆಂಬ ಈ ವಿವೇಕವಿಲ್ಲದೆ ಮುಂದಿನ ಯಾವ ಲೆಕ್ಕವೂ ಸಾಧ್ಯವಾಗುತ್ತಿರಲಿಲ್ಲ.

ಇವುಗಳ ಮೇಲೆ ಕ್ರಿಸಿಪ್ಪಸನು ಐದು ಮೂಲಾನುಮಾನಗಳನ್ನು ನಿಲ್ಲಿಸಿದನು. ಮೊದಲನೆಯದಾದರೆ ಎರಡನೆಯದು, ಮೊದಲನೆಯದಿದೆ, ಆದುದರಿಂದ ಎರಡನೆಯದು: ಇದು ಮೊದಲ ಪ್ರಕಾರ. ಅದೇ ಸೋಪಾಧಿಕವಾಕ್ಯವನ್ನಿಟ್ಟುಕೊಂಡು, ಎರಡನೆಯದು ಇಲ್ಲವಾದ್ದರಿಂದ ಮೊದಲನೆಯದೂ ಇಲ್ಲವೆಂಬುದು ಎರಡನೆಯ ಪ್ರಕಾರ. ಮೊದಲನೆಯದೂ ಎರಡನೆಯದೂ ಕೂಡಿ ಇರಲಾರವು, ಮೊದಲನೆಯದಿದೆ, ಆದುದರಿಂದ ಎರಡನೆಯದಿಲ್ಲವೆಂಬುದು ಮೂರನೆಯದು. ಎರಡರಲ್ಲಿ ಒಂದೇ ನಿಜವೆಂಬ ವಿಕಲ್ಪದಿಂದ ಹೊರಟು, ಒಂದನ್ನು ಒಪ್ಪಿ ಇನ್ನೊಂದನ್ನು ತಳ್ಳುವುದು ನಾಲ್ಕನೆಯದು. ಒಂದನ್ನು ತಳ್ಳಿ ಇನ್ನೊಂದನ್ನು ಒಪ್ಪುವುದು ಐದನೆಯದು. ಮೂರು ಹಾದಿಗಳು ಕೂಡುವಲ್ಲಿಗೆ ಬಂದ ಬೇಟೆನಾಯಿಯು ಎರಡು ಹಾದಿಗಳನ್ನು ಮೂಸಿ, ಮೃಗದ ಜಾಡು ಅವುಗಳಲ್ಲಿ ಕಾಣದಿರಲು, ಮೂರನೆಯದನ್ನು ಮೂಸದೆಯೆ ಅದರಲ್ಲಿ ಓಡುವುದೆಂದೂ, ಅಲ್ಲಿ ಕೆಲಸಮಾಡುವುದು ಈ ಐದನೆಯ ಅನುಮಾನವೇ ಎಂದೂ ಕ್ರಿಸಿಪ್ಪಸನು ದೃಷ್ಟಾಂತ ಕೊಟ್ಟನೆಂದು ಸೆಕ್ಸ್ಟಸನು ತಿಳಿಸುತ್ತಾನೆ.

ಮಿಕ್ಕ ಸಿಂಧುವಾದ ಅನುಮಾನಗಳನ್ನೆಲ್ಲ ಈ ಐದಕ್ಕೆ ಇಳಿಸಬಹುದೆಂಬುದು ಪಂಥದ ಘೋಷಣೆ. ಅದರ ಬಗೆಯನ್ನು ಒಂದು ಉದಾಹರಣೆಯಿಂದ ನೋಡೋಣ. ಮಳೆಯೂ ಬಂದು ತೂಬೂ ಮುಚ್ಚಿದ್ದರೆ ಕೆರೆ ತುಂಬುವುದು; ಕೆರೆ ತುಂಬಿಲ್ಲ; ಮಳೆಯೇನೋ ಬಂದಿದೆ; ಆದುದರಿಂದ ತೂಬು ಮುಚ್ಚಿಲ್ಲ. ಇಲ್ಲಿ ಮೊದಲೆರಡು ವಾಕ್ಯಗಳಿಗೆ ಎರಡನೆಯ ಮೂಲಾನುಮಾನವನ್ನು ಅನ್ವಯಿಸಿದರೆ, ಮಳೆ ಬಂದಿರುವುದೂ ತೂಬು ಮುಚ್ಚಿರುವುದೂ ಎರಡೂ ಕೂಡಿ ನಿಜವಲ್ಲವೆಂದಾಗುತ್ತದೆ. ಅದಕ್ಕೆ ಮೂರನೆಯ ವಾಕ್ಯವನ್ನು ಸೇರಿಸಿದೊಡನೆ ಮೂರನೆಯ ಮೂಲಾನುಮಾನದಿಂದ ನಿಗಮನವು ತಾನಾಗಿಯೇ ಬರುತ್ತದೆ. ಹೀಗೆ ಇಳಿಸುವುದಕ್ಕಾಗಿ ಅವರಲ್ಲಿ ನಾಲ್ಕು ಪರಿವರ್ತನಾ ನಿಯಮಗಳಿದ್ದುವು. ಅವುಗಳಲ್ಲಿ ಎರಡರ ಪಾಠ ಮಾತ್ರ ಉಳಿದಿದೆಯಾಗಿ, ಘೋಷಣೆಯ ಸತ್ಯವನ್ನು ಪೂರ್ತಿಯಾಗಿ ಪರೀಕ್ಷಿಸುವ ಉಪಾಯವೇ ಕಳೆದುಹೋಗಿದೆ. ಉಳಿದಿರುವ ಮೊದಲ ನಿಯಮದಿಂದ ಎರಡನೆಯ ಮೂಲಾನುಮಾನವನ್ನು ಒಂದನೆಯದರಿಂದಲೇ ಸಾಧಿಸಬಹುದಾದುದರಿಂದ, ಐದು ಬೇಕಾಗಿರಲಿಲ್ಲವೆಂದು ಆಕ್ಷೇಪಿಸುವುದು ಸುಲಭ. ಆದರೆ ಈ ಐದನ್ನು ಸಾಧಿಸಬಾರದವುಗಳೆಂದು ಅವರು ಕರೆಯಲಿಲ್ಲ; ಸಾಧನೆಯ ಅಗತ್ಯವಿಲ್ಲದವುಗಳೆಂದು ಕರೆದರು. ಅವರಿಗೆ ಬೇಕಾಗಿದ್ದುದು ಮಿತವ್ಯಯಕ್ಕಿಂತ ಹೆಚ್ಚಾಗಿ ಸ್ವತಃಸ್ಪಷ್ಟತೆ.

ಇನ್ನು ಈ ಪ್ರಸ್ಥಾನದ ಹೃದಯಸ್ಥಾನವೆನ್ನಬಹುದಾದ ಸೋಪಾಧಿಕವಾಕ್ಯದ ವಿವಾದಕ್ಕೆ ಬರೋಣ. 'ಹಗಲಾಗಿದ್ದರೆ ಬೆಳಕಿದೆ' ಎಂಬಂಥ ವಾಕ್ಯವು ಯಾವಾಗ ನಿಜ? ಕ್ರಿಸಿಪ್ಪಸನಿಗಿಂತ ಹಿಂದೆಯೇ ಡಯೊಡೋರಸ್ ಕ್ರೋನಸನೂ ಅವನ ಶಿಷ್ಯ ಫೈಲೋವೂ ಇದಕ್ಕಾಗಿ ಸೆಣಸಿದ್ದರು. ಮಾಳಿಗೆಯ ಮೇಲಿನ ಕಾಗೆಗಳೂ ಇದನ್ನೇ ಚರ್ಚಿಸುತ್ತಿವೆಯೆಂದು ಕವಿ ಕಲಿಮಾಕಸನು ಬರೆಯುವಷ್ಟರ ಮಟ್ಟಿಗೆ ವಾದವು ಹಬ್ಬಿತ್ತು. ಪೂರ್ವಾಂಗವು ನಿಜವಾಗಿದ್ದು ಉತ್ತರಾಂಗವು ಸುಳ್ಳಾಗಿರುವ ಒಂದೇ ಸಂದರ್ಭದಲ್ಲಿ ಅಂಥ ವಾಕ್ಯವು ಸುಳ್ಳು, ಮಿಕ್ಕ ಮೂರು ಸಂದರ್ಭಗಳಲ್ಲಿಯೂ ನಿಜ ಎಂದನು ಫೈಲೋ. ಹಾಗಾದರೆ ಹಗಲು ಹೊತ್ತಿನಲ್ಲಿ ನಾನು ಮಾತನಾಡುತ್ತಿರುವಾಗ, 'ಹಗಲಾಗಿದ್ದರೆ ನಾನು ಮಾತನಾಡುತ್ತಿದ್ದೇನೆ' ಎಂಬುದೂ ನಿಜವಾಗಬೇಕಷ್ಟೆ. ನಾನು ಬಾಯಿ ಮುಚ್ಚಿದ ಕ್ಷಣವೇ ಅದು ಸುಳ್ಳಾಗಬೇಕು. ಇದನ್ನೊಪ್ಪದ ಡಯೊಡೋರಸನು, ನಿಜದಿಂದ ಆರಂಭವಾಗಿ ಸುಳ್ಳಿನಲ್ಲಿ ಮುಗಿಯುವುದು ಹಿಂದೆಯೂ ಈಗಲೂ ಯಾವುದಕ್ಕೆ ಅಸಾಧ್ಯವೋ ಅದೇ ನಿಜವಾದ ಸೋಪಾಧಿಕವೆಂದನು. ಅಣುಗಳ ಅಸ್ತಿತ್ವವು ಸಾರ್ವಕಾಲಿಕವೆಂದಿಟ್ಟುಕೊಂಡರೆ, 'ಅಣುಗಳಿಲ್ಲದಿದ್ದರೆ ಅಣುಗಳಿವೆ' ಎಂಬ ವಿಪರೀತವಾದ ಮಾತು ಕೂಡ ಅವನ ಲಕ್ಷಣಕ್ಕೆ ಒಳಪಡುತ್ತದೆ. ಕ್ರಿಸಿಪ್ಪಸನಿಗೆ ಸಲ್ಲುವ ಮೂರನೆಯ ಲಕ್ಷಣವು ಇವೆರಡನ್ನೂ ದಾಟಿದುದು: ಉತ್ತರಾಂಗದ ನಿಷೇಧವು ಪೂರ್ವಾಂಗದೊಡನೆ ವಿರೋಧಿಸಬೇಕು. ಅರ್ಥಾತ್, ಎರಡಕ್ಕೂ ನಡುವೆ ಒಂದು ನಂಟು ಇರಬೇಕು. ಬರಿಯ ಸಹಾಸ್ತಿತ್ವವು ಸಾಲದು.

ಕ್ರಿಸಿಪ್ಪಸನ ಪ್ರತಿಭೆ ಎಂಥದೆಂಬುದು ಸಿಸೆರೋ ಬರೆದ ವಿಧಿಯನ್ನು ಕುರಿತ ಗ್ರಂಥದಲ್ಲಿ ಹೊಳೆಯುತ್ತದೆ. ಇಂಥ ನಕ್ಷತ್ರದ ಉದಯದಲ್ಲಿ ಹುಟ್ಟಿದವನಾದರೆ ಅವನು ಸಮುದ್ರದಲ್ಲಿ ಸಾಯನೆಂದು ಜ್ಯೋತಿಷಿಗಳು ಹೇಳುತ್ತಿದ್ದರು. ಹಾಗೆ ಹೇಳಬಾರದು, 'ಆ ನಕ್ಷತ್ರದಲ್ಲಿ ಹುಟ್ಟುವುದೂ ಸಮುದ್ರದಲ್ಲಿ ಸಾಯುವುದೂ ಎರಡೂ ಒಬ್ಬನಲ್ಲಿ ಕೂಡಿಬಾರವು' ಎಂದು ಮಾತ್ರ ಹೇಳಬೇಕೆಂಬುದು ಕ್ರಿಸಿಪ್ಪಸನ ತಿದ್ದುಪಡಿ. ಸಿಸೆರೋ ಇದನ್ನು ಹಾಸ್ಯಾಸ್ಪದವೆಂದು ಕಂಡನು. ನನಗಾದರೋ ಪ್ರಾಚೀನ ತರ್ಕದಲ್ಲಿ ಇದಕ್ಕಿಂತ ಸೂಕ್ಷ್ಮವಾದ ವಿವೇಚನೆ ಕಾಣದು. ಏಕೆಂದರೆ ಫೈಲೋವಿನ ಸೋಪಾಧಿಕವೆಂಬುದು ವಾಸ್ತವವಾಗಿ ಈ ನಿಷಿದ್ಧ ಸಮುಚ್ಚಯವೇ. 'ಮೊದಲನೆಯದಿದ್ದು ಎರಡನೆಯದು ಇಲ್ಲದಿರುವುದು ಇಲ್ಲ' ಎಂಬುದಕ್ಕಿಂತ ಹೆಚ್ಚಿನದೇನನ್ನೂ ಅದು ಹೇಳದು. ಅಂಥ ದುರ್ಬಲವಾದ ಹೇಳಿಕೆಯೂ ಲೋಕದಲ್ಲಿ ಬೇಕಾಗುತ್ತದೆಂದು ಬಲ್ಲ ಕ್ರಿಸಿಪ್ಪಸನು ಅದಕ್ಕೊಂದು ರೂಪವನ್ನೂ, ಅದರಿಂದ ಹೊರಡುವ ಅನುಮಾನಕ್ಕೆ ಮೂರನೆಯ ಸ್ಥಾನವನ್ನೂ ಕೊಟ್ಟು, 'ಆದರೆ' ಎಂಬ ಸಂಯೋಜಕವನ್ನು ನಿಜವಾದ ನಂಟಿಗಾಗಿ ಕಾಯ್ದಿರಿಸಿದನು.

ನಮ್ಮ ದೇಶದ ನೈಯಾಯಿಕರು ಅನುಮಾನವನ್ನು ಹೇತು ಸಾಧ್ಯಗಳ ವ್ಯಾಪ್ತಿಯ ಮೇಲೆ ಕಟ್ಟಿದವರಾದ್ದರಿಂದ, ಈ ವಿಷಯದಲ್ಲಿ ಅವರು ಅರಿಸ್ಟಾಟಲನಿಗೆ ಸಮೀಪದವರು. ಆದರೂ ಬೆಟ್ಟದಲ್ಲಿ ಬೆಂಕಿ ಇಲ್ಲದಿದ್ದರೆ ಹೊಗೆಯೂ ಇರುತ್ತಿರಲಿಲ್ಲವೆಂಬ 'ತರ್ಕ'ವು, ವಾಕ್ಯಕ್ಕೆ ವಾಕ್ಯವನ್ನು ಗಂಟುಹಾಕಿ ನಿಷೇಧದಿಂದ ಹಿಂದಕ್ಕೆ ಸಾಗುವ ಎರಡನೆಯ ಮೂಲಾನುಮಾನದ ಬಂಧುವೇ ಸರಿ. ಅನ್ನಂಭಟ್ಟನ ತರ್ಕಸಂಗ್ರಹವು ಇದನ್ನು ಸಂಶಯ ವಿಪರ್ಯಯಗಳ ಜೊತೆಗೆ ಅಯಥಾರ್ಥಾನುಭವದಲ್ಲಿ ಸೇರಿಸುತ್ತದೆ. ಕನ್ನಡನಾಡಿನ ದ್ವೈತಾಚಾರ್ಯರಾದ ಜಯತೀರ್ಥರಾದರೋ ತಮ್ಮ ಪ್ರಮಾಣಪದ್ಧತಿಯಲ್ಲಿ ಅದನ್ನು ಅನುಮಾನದ ಒಳಗೇ ತಂದು ನಿಲ್ಲಿಸಿದರು. ರೂಪದ ದೃಷ್ಟಿಯಿಂದ ನೋಡಿದರೆ ಜಯತೀರ್ಥರ ಪಕ್ಷವೇ ನ್ಯಾಯವಾದುದೆಂದು ನನಗೆ ತೋರುತ್ತದೆ.

ಸ್ಟೋಯಿಕರು ಅರ್ಥವನ್ನು ಬಿಟ್ಟು ಶಬ್ದಕ್ಕೆ ಜೋತುಬಿದ್ದರೆಂಬುದು ಗ್ಯಾಲೆನ್ ಮತ್ತು ಅಲೆಕ್ಸಾಂಡರರ ದೂಷಣೆ. ಒಂದೇ ಅಭಿಪ್ರಾಯವನ್ನು ಬೇರೆ ಮಾತುಗಳಲ್ಲಿ ಹೇಳಿದರೆ ಅದನ್ನು ಅವರು ಶುದ್ಧಾನುಮಾನವೆಂದು ಒಪ್ಪುತ್ತಿರಲಿಲ್ಲವೆಂಬುದು ದಿಟ. ಆದರೆ ಅನುಮಾನದ ಸಿಂಧುತ್ವವು ಆಕಾರದಲ್ಲಿದೆಯೆಂದ ಮೇಲೆ ಆಕಾರವನ್ನು ನಿಯಮಬದ್ಧಗೊಳಿಸದೆ ಗತಿಯಿಲ್ಲ. ದೂಷಿತವಾದ ಈ ಗುಣವೇ ಅವರ ಶಾಸ್ತ್ರೀಯತೆಯ ಲಕ್ಷಣ. ನಿಜವಾದ ಕೊರತೆ ಬೇರೆಡೆಯಲ್ಲಿದೆ. ಎಲ್ಲ ಮನುಷ್ಯರೂ ಮರ್ತ್ಯರೆಂಬುದನ್ನು 'ಯಾವುದಾದರೂ ಮನುಷ್ಯನಾಗಿದ್ದರೆ ಅದು ಮರ್ತ್ಯ' ಎಂಬ ಸೋಪಾಧಿಕಕ್ಕೆ ತಿರುಗಿಸುವ ಚಾತುರ್ಯ ಅವರಿಗಿತ್ತು. ಆದರೆ ಆ 'ಯಾವುದಾದರೂ' ಎಂಬುದರಿಂದ ಸಾಕ್ರಟೀಸನೆಂಬ ವ್ಯಕ್ತಿಗೆ ಇಳಿಯುವುದು ಹೇಗೆಂಬುದನ್ನು ಐದು ಮೂಲಾನುಮಾನಗಳಲ್ಲಿ ಯಾವುದೂ ಹೇಳದು. ಪದತರ್ಕವನ್ನೂ ವಾಕ್ಯತರ್ಕವನ್ನೂ ಒಂದೇ ವ್ಯವಸ್ಥೆಯಲ್ಲಿ ಬೆಸೆಯುವ ಕಾರ್ಯವು 1879ರಲ್ಲಿ ಫ್ರೇಗೆಯಿಂದ ಆಗಬೇಕಾಯಿತು.

1847ರಲ್ಲಿ ಬೂಲನು ತರ್ಕವನ್ನು ಬೀಜಗಣಿತವಾಗಿಸಿದನು. 1921ರ ಹೊತ್ತಿಗೆ ವಿಟ್‌ಗೆನ್‌ಸ್ಟೈನ್ ಮತ್ತು ಪೋಸ್ಟ್ ಸತ್ಯತಾಕೋಷ್ಟಕವನ್ನು ಪ್ರಕಟಿಸಿದರು. 1938ರಲ್ಲಿ ಅಚ್ಚಾದ ಶಾನನ್‌ನ ಪ್ರಬಂಧವು ಇದೇ ಗಣಿತವನ್ನು ವಿದ್ಯುತ್ ಸ್ವಿಚ್ಚುಗಳಿಗೆ ಹೊಂದಿಸಿತು. ಸತ್ಯತಾಕೋಷ್ಟಕದಲ್ಲಿ ಎರಡು ಸರಳವಾಕ್ಯಗಳಿಗೆ 4 ಸಾಲು, ಮೂರಕ್ಕೆ 8, ಹತ್ತಕ್ಕೆ 1024. ಸಾಲುಗಳನ್ನು ತುಂಬುತ್ತ ಹೋದರೆ ಯಾವ ಅನುಮಾನದ ಸಿಂಧುತ್ವವೂ ನಿಶ್ಚಯವಾಗಿ ತೀರ್ಮಾನವಾಗುತ್ತದೆ. ಈ ಸೌಲಭ್ಯಕ್ಕೆ ಫೈಲೋವಿನ ಸೋಪಾಧಿಕವೇ ಬೇಕು, ಕ್ರಿಸಿಪ್ಪಸನದು ಒಗ್ಗದು. ಆದರೆ ಅದಕ್ಕೆ ತೆತ್ತ ಬೆಲೆಯೂ ಸಣ್ಣದಲ್ಲ: ಯಾವುವೇ ಎರಡು ವಾಕ್ಯಗಳನ್ನು ತೆಗೆದುಕೊಂಡರೂ, ಒಂದರಿಂದ ಇನ್ನೊಂದಕ್ಕೆ, ಇಲ್ಲವೆ ಅದರಿಂದ ಇದಕ್ಕೆ, 'ಆದರೆ' ಎಂಬ ಸಂಬಂಧವು ನಿಜವೇ ಆಗುತ್ತದೆ. ಕ್ರಿಸಿಪ್ಪಸನು ಬೇರೆಬೇರೆಯಾಗಿ ಇರಿಸಿದ್ದ ನಿಷಿದ್ಧ ಸಮುಚ್ಚಯವನ್ನೂ ಸೋಪಾಧಿಕವನ್ನೂ ಒಂದಾಗಿಸಿದುದರ ಫಲವಿದು. ಲೂಯಿಸನು ಸೋಪಾಧಿಕವನ್ನು ಬಿಗಿಗೊಳಿಸಲು ಯತ್ನಿಸಿದುದೂ, ಆಂಡರ್ಸನ್ ಮತ್ತು ಬೆಲ್ನಪ್ ಅಂಗಗಳೊಳಗೆ ಪ್ರಸಕ್ತಿಯನ್ನು ಬೇಡಿದುದೂ, 1966ರಲ್ಲಿ ಮೆಕಾಲನು ಕ್ರಿಸಿಪ್ಪಸನ ಲಕ್ಷಣಕ್ಕೇ ಒಂದು ಗಣಿತರೂಪವನ್ನು ಅರಸಿದುದೂ ಆ ನಂಟನ್ನು ಮರಳಿ ಪಡೆಯುವ ಪ್ರಯತ್ನಗಳೇ.

ಪಂಥಕ್ಕೆ ಇತಿಹಾಸದಲ್ಲಿ ನ್ಯಾಯ ದೊರಕಿದುದು ಬಹಳ ತಡವಾಗಿ. 1855ರಲ್ಲಿ ಪ್ರಾಂಟ್ಲನು ಬರೆದ ತರ್ಕದ ಇತಿಹಾಸವು ಕ್ರಿಸಿಪ್ಪಸನನ್ನು ಅರಿಸ್ಟಾಟಲನನ್ನು ಕೆಡಿಸಿದ ಶುಷ್ಕಪಂಡಿತನೆಂಬಂತೆ ಹೀಗಳೆಯಿತು. ಪದತರ್ಕವಲ್ಲದೆ ಬೇರೆ ತರ್ಕವೊಂದುಂಟೆಂಬ ಕಲ್ಪನೆಯೇ ಇಲ್ಲದ ವಿದ್ವಾಂಸನಿಗೆ ಅದು ವಿಕಾರವಾಗಿ ಕಂಡುದು ಸಹಜ. 1934ರಲ್ಲಿ ಪೋಲೆಂಡಿನ ಯಾನ್ ಲುಕಾಸೆವಿಚ್, ತಾನೇ ಹೊಸ ತರ್ಕದ ನಿರ್ಮಾಪಕರಲ್ಲೊಬ್ಬನಾಗಿದ್ದುದರಿಂದ, ಹಳೆಯ ಆಕರಗಳನ್ನು ಓದಿದೊಡನೆ ಅಲ್ಲಿರುವುದು ವಾಕ್ಯತರ್ಕವೆಂದು ಗುರುತಿಸಿದನು. 1953ರಲ್ಲಿ ಬೆನ್ಸನ್ ಮೇಟ್ಸನ ಪುಸ್ತಕವು ಆ ಕೆಲಸವನ್ನು ವಿಸ್ತರಿಸಿತು.

ಹೀಗೆ ಕ್ರಿಸಿಪ್ಪಸನನ್ನು ಎತ್ತಿಹಿಡಿದ ಲುಕಾಸೆವಿಚ್ ಮೂಲತತ್ತ್ವವೊಂದರಲ್ಲಿ ಅವನ ಎದುರಾಳಿಯಾಗಿದ್ದನು. ಪ್ರತಿಯೊಂದು ವಾಕ್ಯವೂ ನಿಜ ಅಥವಾ ಸುಳ್ಳು, ಮೂರನೆಯ ಗತಿಯಿಲ್ಲವೆಂಬುದನ್ನು ಕ್ರಿಸಿಪ್ಪಸನು ಭವಿಷ್ಯದ ವಾಕ್ಯಗಳಿಗೂ ಅನ್ವಯಿಸಿ, ಅದರಿಂದ ಬರುವ ವಿಧಿನಿಯಮವನ್ನೂ ಒಪ್ಪಿದನು. ಎಪಿಕ್ಯೂರಸನು ವಿಧಿಗೆ ಅಂಜಿ ಆ ಮೂಲತತ್ತ್ವವನ್ನೇ ನಿರಾಕರಿಸಿದ್ದನು. ಮನುಷ್ಯನ ಸ್ವಾತಂತ್ರ್ಯದ ಪರವಾಗಿ ನಿಂತ ಲುಕಾಸೆವಿಚ್ 1920ರಲ್ಲಿ ಮೂರು ಮೌಲ್ಯಗಳ ತರ್ಕವನ್ನು ರಚಿಸಿದನು. ಹತ್ತು ವರ್ಷಗಳ ತರುವಾಯ ಅದರ ಹೆಸರಿನ ಪ್ರಶ್ನೆ ಬಂದಾಗ, ದ್ವಿಮೌಲ್ಯದ ಸೂತ್ರವನ್ನು ಬುದ್ಧಿಪೂರ್ವಕವಾಗಿ ಸ್ಥಾಪಿಸಿ ಕೊನೆಯವರೆಗೂ ಕಾದುಕೊಂಡವನು ಅರಿಸ್ಟಾಟಲನಲ್ಲ, ಕ್ರಿಸಿಪ್ಪಸನು; ಆದುದರಿಂದ ಅದನ್ನು ಮುರಿಯುವ ಹೊಸ ಪದ್ಧತಿಗಳು 'ಅಕ್ರಿಸಿಪ್ಪೀಯ' ಎಂದೇ ಕರೆಯಿಸಿಕೊಳ್ಳತಕ್ಕವು ಎಂದು ಅವನು ಬರೆದನು.